ಮೂರು ಪಂದ್ಯ, ಏಳು ಅಂಕ

2019ನೆಯ ಇಸವಿಯ ನವೆಂಬರ್ ತಿಂಗಳಲ್ಲಿ ನಾನೂ ನನ್ನ ಶ್ರೀಮತಿಯೂ ಅಮೆರಿಕದ ಯೂಟಾ ರಾಜ್ಯದ ಸಾಲ್ಟ್ ಲೇಕ್ ಸಿಟಿಯಲ್ಲಿ ಮಗಳ ಮನೆಯಲ್ಲಿದ್ದೆವು. ಹಳ್ಳಿಯ ಪ್ರೌಢಶಾಲೆಯೊಂದರಲ್ಲಿ ಮೂವತ್ತನಾಲ್ಕು ವರ್ಷ ಗಣಿತ ಕಲಿಸಿ ನಿವೃತ್ತನಾದ ನನಗೆ ಆ ಊರಿನಲ್ಲಿ ಮಾಡಲು ಹೆಚ್ಚಿನ ಕೆಲಸವೇನೂ ಇರಲಿಲ್ಲ. ಬೆಳಿಗ್ಗೆ ಕಿಟಕಿಯ ಬಳಿ ಕುಳಿತು ವಾಸ್ಯಾಚ್ ಪರ್ವತಗಳ ಮೇಲಿನ ಹಿಮವನ್ನು ನೋಡುವುದು, ಸಂಜೆ ಮೊಮ್ಮಗನ ಶಾಲೆಯ ಬಸ್ಸನ್ನು ಕಾಯುವುದು, ಇವೆರಡೇ ನನ್ನ ದಿನಚರಿ.

ಒಂದು ಸಂಜೆ ಹುಡುಗ ಬಸ್ಸಿನಿಂದಿಳಿದವನು ನನ್ನ ಕಡೆ ನೋಡದೆ ನೇರವಾಗಿ ಕೋಣೆಗೆ ಹೋಗಿ ಬಾಗಿಲು ಹಾಕಿಕೊಂಡ. ಅವನಿಗೆ ಆಗ ಹದಿನಾಲ್ಕು ವರ್ಷ. ಶಾಲೆಯ ಬ್ಯಾಸ್ಕೆಟ್‌ಬಾಲ್ ತಂಡದ ಆಯ್ಕೆಗಾಗಿ ಬೇಸಿಗೆಯಿಡೀ ಮನೆಯ ಮುಂದಿನ ಬುಟ್ಟಿಗೆ ಚೆಂಡು ಎಸೆದು ಎಸೆದು ಅಭ್ಯಾಸ ಮಾಡಿದ್ದ. ಆ ದಿನ ಹಚ್ಚಿದ ಪಟ್ಟಿಯಲ್ಲಿ ಅವನ ಹೆಸರಿರಲಿಲ್ಲ. ರಾತ್ರಿ ಊಟಕ್ಕೂ ಬರಲಿಲ್ಲ. ನಾನು ಹೋಗಿ ಪಕ್ಕದಲ್ಲಿ ಕುಳಿತಾಗ ಬಹಳ ಹೊತ್ತಿನ ಮೇಲೆ ಒಂದೇ ಮಾತು ಕೇಳಿದ: "ಅಜ್ಜಾ, ನನಗಿಂತ ಚೆನ್ನಾಗಿ ಆಡದೇ ಇರುವವರೂ ತಂಡದಲ್ಲಿದ್ದಾರೆ. ನಾನು ಇಂಡಿಯನ್ ಅಂತ ಬಿಟ್ಟರಾ?"

ಅಳಿಯಂದಿರು ಮರುದಿನವೇ ಶಾಲೆಗೆ ಹೋಗಿ ಕೇಳುತ್ತೇನೆಂದರು. ಮಗಳು, ಆಟ ಹೋದರೆ ಹೋಗಲಿ, ಓದಿನ ಕಡೆ ಗಮನ ಕೊಡಲಿ ಎಂದಳು. ನನ್ನ ಬಳಿ ಉತ್ತರವೇ ಇರಲಿಲ್ಲ. ಆ ಪ್ರಶ್ನೆ ಮಾತ್ರ ನನ್ನನ್ನು ಆ ರಾತ್ರಿ ಮಲಗಗೊಡಲಿಲ್ಲ. ಅದಕ್ಕೆ ಬೇರೊಂದು ಕಾರಣವೂ ಇತ್ತು. ಅದನ್ನು ಮುಂದೆ ನಿವೇದಿಸುತ್ತೇನೆ.

ಇದಾದ ಕೆಲವು ದಿನಗಳಲ್ಲಿ, ನವೆಂಬರ್ 20ರಂದು, ಅದೇ ಊರಿನ ಹಿರಿಯರೊಬ್ಬರು ತಮ್ಮ 95ನೆಯ ವಯಸ್ಸಿನಲ್ಲಿ ತೀರಿಕೊಂಡರು. ಪತ್ರಿಕೆಯಲ್ಲಿ ಅವರ ಭಾವಚಿತ್ರವನ್ನು ನೋಡಿದೆ. ಜಪಾನೀ ಮುಖ, ಶಾಂತವಾದ ನಗೆ. ಹೆಸರು ವಾತಾರು ಮಿಸಾಕಾ. ಜನ ಕರೆಯುತ್ತಿದ್ದುದು ವಾಟ್ ಎಂದು. ಅಮೆರಿಕದ ವೃತ್ತಿಪರ ಬ್ಯಾಸ್ಕೆಟ್‌ಬಾಲಿನ ಅತಿ ದೊಡ್ಡ ಸಂಘಟನೆಯಾದ ಇಂದಿನ ಎನ್‌ಬಿಎಯಲ್ಲಿ ಬಿಳಿಯರಲ್ಲದ ಮೊದಲ ಆಟಗಾರ ಈತನೇ ಎಂದು ಅದರಲ್ಲಿ ಬರೆದಿತ್ತು. ಆಡಿದ್ದು ಮೂರು ಪಂದ್ಯ. ಗಳಿಸಿದ್ದು ಏಳು ಅಂಕ. ಅಷ್ಟರಲ್ಲಿ ತಂಡದಿಂದ ಕೈಬಿಟ್ಟರು. ಗಣಿತದ ಮೇಷ್ಟ್ರಾದ ನನಗೆ ಈ ಲೆಕ್ಕ ವಿಚಿತ್ರವಾಗಿ ಕಂಡಿತು. ಮೂರು ಪಂದ್ಯ ಆಡಿದವರನ್ನು ಎಪ್ಪತ್ತೆರಡು ವರ್ಷಗಳ ಮೇಲೆ ಪತ್ರಿಕೆಗಳು ನೆನೆಯುವುದೆಂದರೇನು? ಅಂದಿನಿಂದ ಅವರ ಬಗ್ಗೆ ಸಿಕ್ಕಿದ್ದನ್ನೆಲ್ಲ ಓದತೊಡಗಿದೆ. 2008ರಲ್ಲಿ ಅವರನ್ನು ಕುರಿತು ಬಂದಿದ್ದ ಒಂದು ಸಾಕ್ಷ್ಯಚಿತ್ರವನ್ನು ಮೊಮ್ಮಗನೊಡನೆ ಕುಳಿತು ನೋಡಿದೆ.

ಸಾಲ್ಟ್ ಲೇಕ್ ಸಿಟಿಯಿಂದ ಉತ್ತರಕ್ಕೆ ಸುಮಾರು ಅರವತ್ತು ಕಿಲೋಮೀಟರ್ ದೂರದಲ್ಲಿ ಆಗ್ಡನ್ ಎಂಬ ರೈಲ್ವೆ ಪಟ್ಟಣವಿದೆ. ಅಮೆರಿಕದ ಪೂರ್ವ ಪಶ್ಚಿಮಗಳನ್ನು 1869ರಲ್ಲಿ ಬೆಸೆದ ರೈಲುದಾರಿಯಿಂದ ಬೆಳೆದ ಊರು ಅದು. ಒಂದು ಭಾನುವಾರ ನಾವೆಲ್ಲ ಅಲ್ಲಿಗೆ ಹೋಗಿ ರೈಲು ನಿಲ್ದಾಣದ ಎದುರಿನಿಂದ ಹೊರಡುವ ಇಪ್ಪತ್ತೈದನೆಯ ಬೀದಿಯಲ್ಲಿ ನಡೆದಾಡಿ ಬಂದೆವು. ಈಗ ಚೆಂದದ ಅಂಗಡಿಗಳಿರುವ ಆ ಬೀದಿ ಆ ಕಾಲದಲ್ಲಿ ಹೆಂಡದಂಗಡಿ, ಜೂಜುಕಟ್ಟೆಗಳಿಗೆ ಹೆಸರಾಗಿತ್ತಂತೆ. ಮಿಸಾಕಾ ಹುಟ್ಟಿದ್ದು 1923ರ ಡಿಸೆಂಬರ್ 21ರಂದು. ಅವರ ತಂದೆ ಜಪಾನಿನಿಂದ ವಲಸೆ ಬಂದು ಆ ಬೀದಿಯಲ್ಲಿ ಕ್ಷೌರದಂಗಡಿ ಇಟ್ಟಿದ್ದರು. ಅಂಗಡಿಯ ಕೆಳಗಿನ ನೆಲಮಾಳಿಗೆಯೇ ಸಂಸಾರದ ಮನೆ. ತಂದೆತಾಯಿಗಳಿಗೆ ಅಮೆರಿಕದ ಪೌರತ್ವವಿಲ್ಲ. ಜಪಾನಿನಿಂದ ಬಂದವರು ಪೌರರಾಗಲು ಅಲ್ಲಿನ ಕಾನೂನು 1952ರವರೆಗೂ ಅವಕಾಶ ಕೊಟ್ಟಿರಲಿಲ್ಲ. ಆ ನೆಲದಲ್ಲೇ ಹುಟ್ಟಿದ ಮಕ್ಕಳು ಮಾತ್ರ ಪೌರರು.

ಹುಡುಗನಿಗೆ ಹದಿನೈದು ವರ್ಷವಾಗಿದ್ದಾಗ ತಂದೆ ತೀರಿಕೊಂಡರು. ಹಿರೋಶಿಮಾದಲ್ಲಿದ್ದ ಬಂಧುಗಳ ಬಳಿಗೆ ಮಕ್ಕಳನ್ನು ಕರೆದುಕೊಂಡು ಹೋಗಿಬಿಡುವ ಯೋಚನೆ ತಾಯಿಗೆ ಬಂದಿತ್ತು. ಹಿರಿಯ ಮಗ ಒಪ್ಪಲಿಲ್ಲ. ತನಗೆ ಗೊತ್ತಿರುವ ಊರು ಇದೇ ಎಂದ. ತಾಯಿ ಆ ಹಟಕ್ಕೆ ಮಣಿದು, ಗಂಡನ ಕತ್ತರಿ ಬಾಚಣಿಗೆಗಳನ್ನು ತಾವೇ ಕೈಗೆತ್ತಿಕೊಂಡು ಅಂಗಡಿ ನಡೆಸಿ ಮಕ್ಕಳನ್ನು ಸಾಕಿದರು. ಓದುಗ ಬಂಧುಗಳು ಒಂದು ಕ್ಷಣ ಯೋಚಿಸಬೇಕು. ಅಂದು ಮಗ ಹೂಂ ಎಂದಿದ್ದರೆ, ಏಳೇ ವರ್ಷದೊಳಗೆ ಆ ಸಂಸಾರದ ಗತಿ ಏನಾಗಬಹುದಿತ್ತು?

ಹುಡುಗ ಗಿಡ್ಡ. ಪೂರ್ತಿ ಬೆಳೆದ ಮೇಲೂ ಎತ್ತರ 5 ಅಡಿ 7 ಅಂಗುಲ. ಬ್ಯಾಸ್ಕೆಟ್‌ಬಾಲಿಗೆ ಇದು ಕೊರತೆಯೇ ಸರಿ. ಆ ಕೊರತೆಯನ್ನು ಅವನು ವೇಗದಿಂದಲೂ, ಎದುರಾಳಿಯನ್ನು ನೆರಳಿನಂತೆ ಬಿಡದೆ ತಡೆಯುವ ಹಟದಿಂದಲೂ ತುಂಬಿಕೊಂಡ. ಪ್ರೌಢಶಾಲೆ, ಆಮೇಲೆ ಆಗ್ಡನ್ನಿನ ವೀಬರ್ ಕಾಲೇಜು, ಅಲ್ಲಿಂದ ಯೂಟಾ ವಿಶ್ವವಿದ್ಯಾಲಯ. ಹೋದಲ್ಲೆಲ್ಲ ತಂಡದಲ್ಲಿ ಸ್ಥಾನ ದೊರೆಯಿತು.

ಅಷ್ಟರಲ್ಲಿ ಯುದ್ಧ ಬಂದಿತ್ತು. 1941ರ ಡಿಸೆಂಬರಿನಲ್ಲಿ ಜಪಾನ್ ಪರ್ಲ್ ಹಾರ್ಬರಿನ ಮೇಲೆ ದಾಳಿ ಮಾಡಿತು. ಎರಡು ತಿಂಗಳ ಮೇಲೆ ಅಧ್ಯಕ್ಷ ರೂಸ್‌ವೆಲ್ಟರ ಆಜ್ಞೆಯೊಂದರಿಂದ ಪಶ್ಚಿಮ ಕರಾವಳಿಯ ಜಪಾನೀ ಮೂಲದವರನ್ನೆಲ್ಲ ಮನೆಮಾರು ಬಿಡಿಸಿ ಶಿಬಿರಗಳಿಗೆ ಸಾಗಿಸಲಾಯಿತು. ಹೀಗೆ ಮುಳ್ಳುತಂತಿಯೊಳಗೆ ಬದುಕಿದವರು ಸುಮಾರು 1,20,000 ಮಂದಿ. ಅವರಲ್ಲಿ ಮೂರರಲ್ಲಿ ಎರಡು ಪಾಲಿನವರು ಅಮೆರಿಕದಲ್ಲೇ ಹುಟ್ಟಿದ ಪೌರರು. ಅಂಥ ಶಿಬಿರಗಳಲ್ಲಿ ಒಂದಾದ ಟೋಪಾಜ್ ಇದ್ದದ್ದು ಯೂಟಾದ ಮರುಭೂಮಿಯಲ್ಲಿಯೇ. ಆಗ್ಡನ್ ಕರಾವಳಿಯಿಂದ ಬಹುದೂರದ ಒಳನಾಡಾದುದರಿಂದ ಮಿಸಾಕಾ ಮನೆಯವರನ್ನು ಯಾರೂ ಹಿಡಿದೊಯ್ಯಲಿಲ್ಲ. ತನ್ನಂಥದೇ ಮುಖದ, ತನ್ನದೇ ವಯಸ್ಸಿನ ಹುಡುಗರು ಕಾವಲಿನಲ್ಲಿರುವಾಗ ಈತ ಅದೇ ರಾಜ್ಯದ ವಿಶ್ವವಿದ್ಯಾಲಯದ ಹೆಸರನ್ನು ಎದೆಯ ಮೇಲೆ ಧರಿಸಿ ಆಡುತ್ತಿದ್ದ.

1944ರ ಆ ಯೂಟಾ ತಂಡದ ಕತೆಯೇ ಒಂದು ಸ್ವಾರಸ್ಯ. ವಿಶ್ವವಿದ್ಯಾಲಯದ ಆಟದ ಮನೆಯನ್ನು ಸೈನ್ಯ ತೆಗೆದುಕೊಂಡಿದ್ದರಿಂದ ಹುಡುಗರು ಚರ್ಚಿನ ಸಭಾಂಗಣವೊಂದರಲ್ಲಿ ಅಭ್ಯಾಸ ಮಾಡಿದರು. ನ್ಯೂಯಾರ್ಕಿನ ಆಹ್ವಾನ ಪಂದ್ಯಾವಳಿಗೆ ಹೋಗಿ ಮೊದಲ ಪಂದ್ಯದಲ್ಲೇ ಕೆಂಟಕಿ ತಂಡಕ್ಕೆ ಸೋತರು. ಅದೇ ವೇಳೆಗೆ ರಾಷ್ಟ್ರೀಯ ಕಾಲೇಜು ಪಂದ್ಯಾವಳಿಗೆ ಆಯ್ಕೆಯಾಗಿದ್ದ ಆರ್ಕನ್ಸಾ ತಂಡದ ಆಟಗಾರರು ರಸ್ತೆ ಅಪಘಾತದಲ್ಲಿ ಗಾಯಗೊಂಡು ಆ ತಂಡ ಹಿಂದೆ ಸರಿಯಿತು. ತೆರವಾದ ಜಾಗಕ್ಕೆ ಯೂಟಾ ತಂಡಕ್ಕೆ ಕರೆ ಬಂತು. ಸೋತು ಮನೆಗೆ ಹೊರಡಬೇಕಾದವರು ಮತ್ತೆ ಆಡುತ್ತ ಗೆಲ್ಲುತ್ತ ಅದೇ ನ್ಯೂಯಾರ್ಕಿನ ಮ್ಯಾಡಿಸನ್ ಸ್ಕ್ವೇರ್ ಗಾರ್ಡನ್ನಿಗೆ ಬಂದು, ಹೆಚ್ಚುವರಿ ಅವಧಿಯ ಕೊನೆಯ ಗಳಿಗೆಯಲ್ಲಿ ಹರ್ಬ್ ವಿಲ್ಕಿನ್ಸನ್ ಎಸೆದ ಚೆಂಡಿನಿಂದ ಡಾರ್ಟ್‌ಮತ್ ತಂಡವನ್ನು 42-40ರಿಂದ ಸೋಲಿಸಿ ರಾಷ್ಟ್ರದ ಚಾಂಪಿಯನ್ನರಾದರು.

ಗೆದ್ದು ಬಂದ ಬೆನ್ನಲ್ಲೇ ಮಿಸಾಕಾ ಅವರಿಗೆ ಸೈನ್ಯದ ಕರೆ ಬಂತು. ಯುದ್ಧ ಮುಗಿದ ಮೇಲೆ ಅವರನ್ನು ಕಳಿಸಿದ್ದು ಜಪಾನಿಗೆ, ಅದರಲ್ಲೂ ಹಿರೋಶಿಮಾಕ್ಕೆ. ಅಣುಬಾಂಬಿನ ಪರಿಣಾಮವನ್ನು ಅಧ್ಯಯನ ಮಾಡುತ್ತಿದ್ದ ತಂಡದಲ್ಲಿದ್ದು, ಬದುಕುಳಿದವರನ್ನು ಮಾತನಾಡಿಸಿ ಅವರ ಹೇಳಿಕೆಗಳನ್ನು ಪಡೆಯುವ ಕೆಲಸ. ತಾಯಿ ಕರೆದುಕೊಂಡು ಹೋಗಬೇಕೆಂದಿದ್ದ ಊರಿಗೆ ಮಗ ಕೊನೆಗೂ ಹೋಗಿದ್ದರು. ಆದರೆ ಅಮೆರಿಕದ ಸಮವಸ್ತ್ರದಲ್ಲಿ, ಸುಟ್ಟು ಬೂದಿಯಾದ ಮೇಲೆ. ಇಲ್ಲಿಗೆ ಬಂದಾಗ ಮೊಮ್ಮಗ ಚಿತ್ರವನ್ನು ನಿಲ್ಲಿಸಿ, "ಅವರನ್ನು ನೋಡಿ ಆ ಜನ ಏನು ಅಂದುಕೊಂಡಿರಬಹುದು ಅಜ್ಜಾ?" ಎಂದು ಕೇಳಿದ. ಅಮೆರಿಕದಲ್ಲಿ ಜಪಾನಿಯವನು, ಜಪಾನಿನಲ್ಲಿ ಅಮೆರಿಕದವನು. ಎರಡೂ ಕಡೆ ಹೊರಗಿನವನಾಗುವುದೆಂದರೇನೆಂದು ಆ ಹುಡುಗನಿಗೆ ನನಗಿಂತ ಚೆನ್ನಾಗಿ ತಿಳಿದಿತ್ತೆಂದು ಕಾಣುತ್ತದೆ.

ಊರಿಗೆ ಮರಳಿ ಮತ್ತೆ ಕಾಲೇಜು, ಮತ್ತೆ ತಂಡ. 1947ರ ಮಾರ್ಚಿನಲ್ಲಿ ನ್ಯೂಯಾರ್ಕಿನ ಅದೇ ಅಂಗಳದಲ್ಲಿ, ಆಹ್ವಾನ ಪಂದ್ಯಾವಳಿಯ ಅಂತಿಮ ಪಂದ್ಯ. ಎದುರಾಳಿ ಮೂರು ವರ್ಷದ ಹಿಂದೆ ಸೋಲಿಸಿದ್ದ ಕೆಂಟಕಿ. ಆ ತಂಡದ ರಾಲ್ಫ್ ಬಿಯರ್ಡ್ ದೇಶದ ಅತ್ಯುತ್ತಮ ಆಟಗಾರರಲ್ಲಿ ಒಬ್ಬ. ಅವನನ್ನು ತಡೆಯುವ ಹೊಣೆ ಮಿಸಾಕಾ ಅವರದು. ಪಂದ್ಯ ಮುಗಿದಾಗ ಬಿಯರ್ಡ್ ಗಳಿಸಿದ್ದು ಒಂದೇ ಒಂದು ಅಂಕ. ಯೂಟಾ ತಂಡ 49-45ರಿಂದ ಗೆದ್ದಿತ್ತು. ನ್ಯೂಯಾರ್ಕಿನ ಪ್ರೇಕ್ಷಕರು ಈ ಪುಟ್ಟ ಆಟಗಾರನನ್ನು ಮೆಚ್ಚಿ ಕೂಗಿದರು. ಆ ಮೆಚ್ಚುಗೆ ನಿಕ್ಸ್ ತಂಡದ ಒಡೆತನದ ಹೊಣೆ ಹೊತ್ತಿದ್ದ ನೆಡ್ ಐರಿಷರ ಕಣ್ಣಿಗೂ ಬಿತ್ತು. ಹಿಂದಿನ ವರ್ಷವಷ್ಟೇ ಆರಂಭವಾಗಿದ್ದ, ಮುಂದೆ 1949ರಲ್ಲಿ ಎನ್‌ಬಿಎ ಎಂಬ ಹೆಸರು ಪಡೆದ ಸಂಘಟನೆಯ ಮೊಟ್ಟಮೊದಲ ಆಯ್ಕೆಯಲ್ಲಿ ನ್ಯೂಯಾರ್ಕ್ ನಿಕ್ಸ್ ತಂಡ ಮಿಸಾಕಾ ಅವರನ್ನು ಆರಿಸಿಕೊಂಡಿತು.

1947 ಎಂದರೆ ಜಾಕಿ ರಾಬಿನ್ಸನ್ನರ ವರ್ಷ. ಅದೇ ನ್ಯೂಯಾರ್ಕ್ ನಗರದ ಬ್ರೂಕ್ಲಿನ್ನಿನಲ್ಲಿ ಏಪ್ರಿಲ್ 15ರಂದು ಅವರು ಬೇಸ್‌ಬಾಲ್ ಮೈದಾನಕ್ಕಿಳಿದು ಕರಿಯರ ಮೇಲಿದ್ದ ನಿಷೇಧವನ್ನು ಮುರಿದರು. ಇಡೀ ದೇಶ ಅದನ್ನು ನೋಡಿತು. ಆರೇಳು ತಿಂಗಳ ಮೇಲೆ ಅದೇ ನಗರದಲ್ಲಿ ಮಿಸಾಕಾ ಅಂಗಳಕ್ಕಿಳಿದಾಗ ಯಾರೂ ಗಮನಿಸಲಿಲ್ಲ. ಜಪಾನಿನೊಡನೆ ಯುದ್ಧ ಮುಗಿದು ಆಗಿನ್ನೂ ಎರಡೇ ವರ್ಷ ಎಂಬುದನ್ನು ನೆನೆದರೆ, ಗಮನಿಸದೇ ಇದ್ದುದೂ ಒಂದು ಸೋಜಿಗವೇ. ಕರಿಯ ಆಟಗಾರರು ಆ ಸಂಘಟನೆಯಲ್ಲಿ ಆಡಲಾರಂಭಿಸಿದ್ದು 1950ರಲ್ಲಿ. ಅದಕ್ಕೂ ಮೂರು ವರ್ಷ ಮೊದಲು ಆ ಬಾಗಿಲನ್ನು ದಾಟಿದವರು ಇವರು. ದಾಟಿದ್ದು ಮೂರು ಪಂದ್ಯದ ಮಟ್ಟಿಗೆ. ಋತುವಿನ ಆರಂಭದಲ್ಲೇ, ಏಳು ಅಂಕಗಳಾಗಿದ್ದಾಗ, ಅವರನ್ನು ಕೈಬಿಡಲಾಯಿತು.

ಏಕೆ ಬಿಟ್ಟರು? ಮುಂದೆ ಜೀವನವಿಡೀ ಜನ ಅವರನ್ನು ಕೇಳಿದ್ದು ಇದೇ ಪ್ರಶ್ನೆ. ಬಣ್ಣವೇ ಕಾರಣವೆಂಬ ಮಾತನ್ನು ಅವರು ಒಪ್ಪಲಿಲ್ಲ. ತಂಡದಲ್ಲಿ ಗಾರ್ಡ್ ಸ್ಥಾನದ ಆಟಗಾರರು ಹೆಚ್ಚಾಗಿದ್ದರು, ಅದೇ ಕಾರಣವಿರಬೇಕೆಂಬುದು ಅವರ ನಂಬಿಕೆ.

ಹಿಂದಿರುಗುವ ದಾರಿಯಲ್ಲಿ ಹಾರ್ಲೆಮ್ ಗ್ಲೋಬ್‌ಟ್ರಾಟರ್ಸ್ ಎಂಬ ಹೆಸರಾಂತ ಪ್ರದರ್ಶನ ತಂಡದಿಂದ ಕರೆ ಬಂತು. ಊರೂರು ಸುತ್ತಿ ಆಡಿದ್ದರೆ ಹಣವೂ ಹೆಸರೂ ಬರುತ್ತಿದ್ದವೇನೋ. ಅವರು ಒಲ್ಲೆನೆಂದು ಹೇಳಿ ಯೂಟಾಕ್ಕೆ ಮರಳಿ, ಬಾಕಿ ಉಳಿದಿದ್ದ ಮೆಕ್ಯಾನಿಕಲ್ ಇಂಜಿನಿಯರಿಂಗ್ ಪದವಿಯನ್ನು 1948ರಲ್ಲಿ ಮುಗಿಸಿದರು. ಸಾಲ್ಟ್ ಲೇಕ್ ಸಿಟಿಯಲ್ಲಿ ಇಂಜಿನಿಯರಾಗಿ ದುಡಿದು, ಮದುವೆಯಾಗಿ, ಮಕ್ಕಳನ್ನು ಬೆಳೆಸಿ, ಬಿಡುವಿನಲ್ಲಿ ಬೌಲಿಂಗ್ ಆಟವಾಡುತ್ತ ಮುಪ್ಪಿನವರೆಗೆ ನೆಮ್ಮದಿಯಿಂದ ಬದುಕಿದರು. ಯೂಟಾ ರಾಜ್ಯದ ಕ್ರೀಡಾ ಗೌರವ ಸಿಕ್ಕಿದ್ದು 1999ರಲ್ಲಿ, ಎಪ್ಪತ್ತೈದು ದಾಟಿದ ಮೇಲೆ. ಅವರು ತೊಟ್ಟಿದ್ದ 20ನೆಯ ಸಂಖ್ಯೆಯ ಅಂಗಿಯನ್ನು ಇನ್ನಾರಿಗೂ ಕೊಡುವುದಿಲ್ಲವೆಂದು ವಿಶ್ವವಿದ್ಯಾಲಯ ಗೌರವಿಸಿದ್ದು 2022ರಲ್ಲಿ. ಅದನ್ನು ನೋಡಲು ಅವರಿರಲಿಲ್ಲ.

ಇಷ್ಟು ಕತೆಯನ್ನು ಮೊಮ್ಮಗನಿಗೆ ಹೇಳಿ, "ನೋಡು, ಅವರು ದೂರಲಿಲ್ಲ, ನೀನೂ ಮರೆತುಬಿಡು" ಎಂದು ಮುಗಿಸುವುದು ಸುಲಭವಾಗಿತ್ತು. ಬಾಯಿಯವರೆಗೆ ಬಂದ ಆ ಮಾತು ಹೊರಗೆ ಬರಲಿಲ್ಲ. ಈಗ ನಾನು ಮೊದಲೇ ಸೂಚಿಸಿದ ಕಾರಣಕ್ಕೆ ಬರುತ್ತೇನೆ.

1986ರಲ್ಲಿ ನಮ್ಮ ಶಾಲೆಯಲ್ಲಿ ದೈಹಿಕ ಶಿಕ್ಷಕರ ಹುದ್ದೆ ಖಾಲಿಯಿದ್ದು, ವಾಲಿಬಾಲ್ ತಂಡದ ಹೊಣೆ ನನ್ನ ಮೇಲಿತ್ತು. ತಾಲೂಕು ಮಟ್ಟದ ಪಂದ್ಯಕ್ಕೆ ತಂಡ ಆರಿಸಬೇಕು. ಊರ ಹೊರಗಿನ ಓಣಿಯಿಂದ ಬರುತ್ತಿದ್ದ ಕೂಲಿಕಾರರ ಮಗನೊಬ್ಬ ಇದ್ದ. ಗಿಡ್ಡ ಹುಡುಗ, ಬರಿಗಾಲು. ಚೆಂಡನ್ನು ಬೆರಳ ತುದಿಯಿಂದ ಎತ್ತಿಕೊಡುವುದರಲ್ಲಿ ಅವನ ಸಮ ಯಾರೂ ಇರಲಿಲ್ಲ. ಪಟ್ಟಿ ಬರೆಯುವ ಹಿಂದಿನ ದಿನ ಊರಿನ ದೊಡ್ಡ ಮನೆಯೊಂದರಿಂದ ತಮ್ಮ ಹುಡುಗನೂ ತಂಡದಲ್ಲಿರಲಿ ಎಂದು ಹೇಳಿಕಳುಹಿಸಿದರು. ನಾನು ಯಾವ ವಾದವನ್ನೂ ಮಾಡದೆ ಒಂದು ಹೆಸರನ್ನು ಹೊಡೆದು ಇನ್ನೊಂದನ್ನು ಬರೆದೆ. ಹೊಡೆದುಹಾಕಿದ್ದು ಯಾವ ಹೆಸರೆಂದು ಬೇರೆ ಹೇಳಬೇಕಿಲ್ಲ. ಬೇರೆ ಹುಡುಗರ ಮನೆಯವರು ಬಂದು ಕೇಳುತ್ತಿದ್ದರು. ಅವನ ಮನೆಯವರು ಕೇಳಲಾರರೆಂಬುದು ಆ ಕ್ಷಣದಲ್ಲಿ ನನಗೆ ತಿಳಿದೇ ಇತ್ತು. ಹುಡುಗನನ್ನು ಕರೆದು ಒಂದು ಮಾತನ್ನೂ ಹೇಳಲಿಲ್ಲ. ಮುಂದಿನ ವರ್ಷ ಅವನು ಶಾಲೆ ಬಿಟ್ಟ.

ಹೊರನಾಡಿನಲ್ಲಿ ನನ್ನ ಮೊಮ್ಮಗನನ್ನು ಬಣ್ಣ ನೋಡಿ ಬಿಟ್ಟರೇನೋ ಎಂದು ರಾತ್ರಿಯೆಲ್ಲ ಕುದಿದ ನಾನು, ನನ್ನ ಊರಿನಲ್ಲಿ ಓಣಿ ನೋಡಿ ಬಿಟ್ಟವನು. ಮಿಸಾಕಾ ಅವರ ಸಮಾಧಾನ ಅವರದು. ಅವರು ಅದನ್ನು ತಮ್ಮ ಬದುಕಿನಿಂದ ಗಳಿಸಿದ್ದರು. ಕೈಬಿಟ್ಟವರು ಅದನ್ನು ತಮ್ಮ ಖಾತೆಗೆ ಜಮಾ ಮಾಡಿಕೊಳ್ಳಲು ಬರುವುದಿಲ್ಲ. ದೂರಲಿಲ್ಲವಾದ್ದರಿಂದ ಅನ್ಯಾಯವಾಗಿಲ್ಲ ಎಂದು ಮಕ್ಕಳಿಗೆ ಹೇಳುವ ಹಕ್ಕು ನನ್ನಂಥವನಿಗೆ ಮೊದಲೇ ಇಲ್ಲ.

ಆದ್ದರಿಂದ ಹುಡುಗನಿಗೆ ಹೇಳಿದ್ದಿಷ್ಟೆ: "ನಾಳೆ ನೀನೇ ಹೋಗಿ ನಿಮ್ಮ ತರಬೇತುದಾರರನ್ನು ಕೇಳು. ಜಗಳವಾಡಬೇಡ, ಅಳಬೇಡ. ಕಾರಣ ಕೇಳು. ಕೇಳುವುದು ನಿನ್ನ ಹಕ್ಕು, ಹೇಳುವುದು ಅವರ ಧರ್ಮ." ಅಳಿಯಂದಿರಿಗೆ ಸುಮ್ಮನಿರಲು ಹೇಳಿದೆ. ಹುಡುಗ ಎರಡು ದಿನ ಹಿಂದೆಮುಂದೆ ನೋಡಿ, ಮೂರನೆಯ ದಿನ ಕೇಳಿಬಂದ. ತರಬೇತುದಾರರು ಅವನನ್ನು ಹತ್ತು ನಿಮಿಷ ಕೂರಿಸಿಕೊಂಡು, ಎಡಗೈಯಲ್ಲಿ ಚೆಂಡು ನಡೆಸುವುದು ಬಾರದೆಂದೂ, ಎದುರಾಳಿ ಮುನ್ನುಗ್ಗಿದಾಗ ಹಿಂದಕ್ಕೆ ಓಡುವುದು ನಿಧಾನವೆಂದೂ ವಿವರಿಸಿ ಹೇಳಿದರಂತೆ. ಅದೇ ಪೂರ್ತಿ ಕಾರಣವೋ ಅಲ್ಲವೋ ದೇವರಿಗೇ ಗೊತ್ತು. ಅಂದಿನಿಂದ ನಮ್ಮ ಹುಡುಗ ಊಟದ ಚಮಚವನ್ನೂ ಎಡಗೈಯಲ್ಲಿ ಹಿಡಿಯತೊಡಗಿದ್ದನ್ನು ಕಂಡು ಅವನ ಅಜ್ಜಿ ಗದರಿದ್ದುಂಟು.

2020ರ ಫೆಬ್ರವರಿಯಲ್ಲಿ ನಾವು ಊರಿಗೆ ಮರಳಿದೆವು. ಬಂದ ಮೇಲೆ ನಾನು ಮಾಡಿದ ಮೊದಲ ಕೆಲಸವೆಂದರೆ ಆ ಹಳೆಯ ವಿದ್ಯಾರ್ಥಿಯನ್ನು ಹುಡುಕಿದ್ದು. ಹತ್ತಿರದ ಪಟ್ಟಣದಲ್ಲಿ ಲಾರಿಗಳಿಗೆ ಪಂಕ್ಚರ್ ಹಾಕುವ ಅಂಗಡಿ ಇಟ್ಟುಕೊಂಡಿದ್ದ. ಐವತ್ತರ ಗಡಿಯಲ್ಲಿದ್ದ, ತಲೆ ನೆರೆತಿತ್ತು. ನನ್ನನ್ನು ಗುರುತಿಸಿ, ಕೈ ಒರೆಸಿಕೊಂಡು ಕುರ್ಚಿ ಹಾಕಿದ. ನಾನು ಸುತ್ತುಬಳಸದೆ ನಡೆದದ್ದನ್ನು ಹೇಳಿ, ತಪ್ಪಾಯಿತಪ್ಪಾ ಎಂದೆ. ಆತ ಸ್ವಲ್ಪ ಹೊತ್ತು ನೆಲ ನೋಡಿದ.

"ನನಗ ಅವತ್ತ ಗೊತ್ತಿತ್ರಿ ಸರ್. ಊರಿಗೆಲ್ಲ ಗೊತ್ತಿತ್ತು. ಆದರ ನೀವು ಕರದು ಒಂದು ಮಾತು ಹೇಳ್ತೀರಿ ಅಂತ ನಾ ಎಂಟು ದಿನ ಶಾಲಿ ಬಿಟ್ಟ ಮ್ಯಾಲೆ ಮೈದಾನದಾಗ ಕುಂತಿದ್ದೆ."

ಅಷ್ಟು ಹೇಳಿ ಚಹಾ ತರಲು ಹುಡುಗನೊಬ್ಬನನ್ನು ಕಳಿಸಿದ. ನಾನು ಚಹಾ ಕುಡಿದೆ. ಬೇರೆ ಮಾತು ಹೆಚ್ಚೇನೂ ಆಗಲಿಲ್ಲ. ಹೊರಡುವಾಗ, ಅವನ ಮಗಳು ಹತ್ತನೆಯ ತರಗತಿಯಲ್ಲಿದ್ದಾಳೆಂದೂ ಗಣಿತ ಕಷ್ಟವಾಗುತ್ತಿದೆಯೆಂದೂ ತಿಳಿಯಿತು. ನಾನೇ ಕೇಳಿಕೊಂಡೆ, ಆತ ಒಪ್ಪಿದ. ಪರೀಕ್ಷೆಯವರೆಗೆ ವಾರಕ್ಕೆ ಮೂರು ಸಂಜೆ ಬಸ್ಸು ಹಿಡಿದು ಹೋಗಿ ಆ ಹುಡುಗಿಗೆ ಪಾಠ ಹೇಳಿದೆ. ಮಾರ್ಚಿನಲ್ಲಿ ಬಸ್ಸು ನಿಂತುಹೋದ ಮೇಲೆ ಫೋನಿನಲ್ಲೇ ಲೆಕ್ಕ ಬಿಡಿಸಿದೆವು.